ಹಗೇವಿನ ನೀರಿನ ರುಚಿ

ಮೊನ್ನೆ ಎರಡು ದಿನ ಬಿಡದೆ ಹಿಡಿದ ಮಳೆಗೆ ನಮ್ಮ ಅಡುಗೆಮನೆಯ ಮಾಳಿಗೆ ಸೋರಿ, ಜೋಳದ ಡಬ್ಬಿಯೊಳಗೆ ನೀರು ಇಳಿದಿತ್ತು. ಯಾರೂ ನೋಡಿರಲಿಲ್ಲ. ಇವತ್ತು ಬೆಳಿಗ್ಗೆ ಗಿರಣಿಗೆ ಒಯ್ಯಬೇಕೆಂದು ಮುಚ್ಚಳ ತೆಗೆದೆ. ಹುಳಿಯಾದ, ಬೆಚ್ಚಗಿನ, ಸ್ವಲ್ಪ ಸಿಹಿಯೂ ಆದ ವಾಸನೆ ಮೂಗಿಗೆ ಹೊಡೆಯಿತು. ಎರಡು ಹೆಜ್ಜೆ ಹಿಂದೆ ಸರಿದು ಬಾಗಿಲ ಚೌಕಟ್ಟು ಹಿಡಿದು ನಿಂತುಬಿಟ್ಟೆ.

“ಜ್ವಾಳ ಕೆಟ್ಟಾವ, ದನಕ್ಕ ಹಾಕಿದ್ರಾತು. ಹಾವು ಕಂಡವ್ರಂಗ ಯಾಕ ನಿಂತೀರಿ?” ಎಂದಳು ಹೆಂಡತಿ.

ಅವಳಿಗೆ ಉತ್ತರ ಕೊಡಲಿಲ್ಲ. ನಿಮಗೆ ಕೊಡುತ್ತೇನೆ, ಪುರುಸೊತ್ತಿದ್ದರೆ ಕೂಡಿರಿ.

ನಮ್ಮ ಸೀಮೆಯ ಕಾಲುವೆಗೆ ಹೊಳೆಯ ನೀರು ಬಿಟ್ಟು ನಾಲ್ಕೈದು ವರ್ಷವಾಗಿದ್ದ ಕಾಲ. ಜೋಳ ಬೆಳೆಯುತ್ತಿದ್ದ ಎರೆ ಹೊಲಗಳಲ್ಲಿ ಭತ್ತ ನಿಂತಿತ್ತು. ಹಬ್ಬಕ್ಕೆ ಮಾತ್ರ ಅನ್ನ ಕಾಣುತ್ತಿದ್ದ ನಾವು ದಿನವೂ ಅನ್ನ ಉಂಡು, ಹೊಟ್ಟೆ ತುಂಬಲಿಲ್ಲ ಎಂದು ಮೇಲೊಂದು ರೊಟ್ಟಿ ಮುರಿಯುವುದನ್ನು ರೂಢಿಸಿಕೊಂಡಿದ್ದೆವು. ಜೊತೆಗೆ ಕೆಲವು ವಿಚಿತ್ರಗಳೂ ನಡೆದಿದ್ದವು. ಬತ್ತಿದ್ದ ಬಾವಿಗಳು ತುಂಬಿದವು, ಸಿಹಿ ಬಾವಿಗಳು ಸವಳಾದವು. ಗೋಡೆಗಳ ಬುಡದಲ್ಲಿ ಬಿಳಿ ಉಪ್ಪು ಕಾಣಿಸಿಕೊಂಡಿತು. ಇದೆಲ್ಲ ಏನೆಂದು ನೋಡಲು ಮೈಸೂರಿನಿಂದ ವಿಮಲಾ ಮೇಡಂ ಬಂದರು. ಕಾಲೇಜಿನಲ್ಲಿ ಭೂಗರ್ಭಶಾಸ್ತ್ರ ಕಲಿಸುತ್ತಿದ್ದವರು, ವಯಸ್ಸು ಐವತ್ತರ ಹತ್ತಿರ. ಕಾಲುವೆಯ ತಲೆಯಿಂದ ಬಾಲದವರೆಗೆ ನಲವತ್ತು ದಿನ ಊರೂರು ತಿರುಗಿ ಬಾವಿಗಳ ನೀರು ಅಳೆಯುವುದು ಅವರ ಯೋಜನೆ. ನಮಗದು ಮನೆ ಹಿತ್ತಲು. ಅವರಿಗೆ ದೂರದೇಶದ ಯಾತ್ರೆ. ಬರುವಾಗ ಸೊಳ್ಳೆಪರದೆ, ಚೇಳಿನ ಔಷಧಿ, ಎರಡು ಡಬ್ಬಿ ಹುಳಿಪುಡಿ, ಒಂದು ಸಣ್ಣ ಡಬ್ಬಿ ಏಲಕ್ಕಿ ತಂದಿದ್ದರು. ಏಲಕ್ಕಿ ಮಾತ್ರ ಸದಾ ಬಾಯಲ್ಲಿರುತ್ತಿತ್ತು.

ಅವರ ದಂಡಿನಲ್ಲಿದ್ದದ್ದು ಒಂದು ಹಳೆ ಜೀಪು, ಅದರ ಡ್ರೈವರು, ಬರೆಯಲು ನಾನು, ಅಡುಗೆಗೆ ಸುರಪುರದ ಖಾಸಿಂಬಿ. ನಾನಾಗ ಹೈಸ್ಕೂಲಿನಲ್ಲಿ ವಿಜ್ಞಾನದ ಮಾಸ್ತರ. ನನ್ನನ್ನು ಆರಿಸಿದ್ದು ವಿಜ್ಞಾನಕ್ಕಲ್ಲ, ದುಂಡನೆಯ ಅಕ್ಷರಕ್ಕೆ. ಅಂಕಿಗಳನ್ನೂ ಕನ್ನಡದಲ್ಲೇ ಬರೆಯುತ್ತೇನೆ ಎಂದು ಮೊದಲ ದಿನವೇ ಹಟ ಹಿಡಿದಿದ್ದೆ. ಆ ಅಕ್ಷರದ ಜಂಬ ಮುಂದೆ ಏನು ಮಾಡಿತೆಂಬುದನ್ನು ಹೇಳಲಿಕ್ಕೇ ಈ ಪೀಠಿಕೆ.

ಖಾಸಿಂಬಿ ಗಂಡನನ್ನು ಕಳೆದುಕೊಂಡ ಹೆಂಗಸು. ಮದುವೆ ಮನೆಗಳಲ್ಲಿ ಅಡುಗೆ ಮಾಡಿ ಬದುಕುತ್ತಿದ್ದಳು. ಮೊದಲ ವಾರ ಅವಳಿಗೂ ಮೇಡಂಗೂ ಮಾತೇ ಇರಲಿಲ್ಲ. ಮೇಡಂ ಕುದಿಸಿ ಸೋಸಿದ ನೀರನ್ನು ತಮ್ಮದೇ ಲೋಟದಲ್ಲಿ, ತುಟಿಗೆ ತಾಗಿಸದೆ, ಗೇಣುದ್ದ ಮೇಲಿಂದ ಎತ್ತಿ ಕುಡಿಯುತ್ತಿದ್ದರು. ಖಾಸಿಂಬಿ ಒಲೆಯ ಮುಂದೆ ಕೂತು ನೋಡಿ ನೋಡಿ, ಕಡೆಗೊಂದು ದಿನ ನನಗೆ ಕೇಳಿಸುವಂತೆ, “ಮಾಸ್ತರ್ರ, ಮೇಡಮ್ಮೋರು ನೀರು ಕುಡ್ಯಾಕತ್ತಾರೋ, ಗಿಡಕ್ಕ ಹಾಕಾಕತ್ತಾರೋ?” ಎಂದಳು. ಮೇಡಂಗೂ ಕೇಳಿಸಿತು. ನಗು ಬಂದು ನೀರು ನೆತ್ತಿಗೇರಿತು.

ಗೆಳೆತನ ಶುರುವಾದದ್ದು ಒಂದು ಬಾವಿಯ ಕಟ್ಟೆಯ ಮೇಲೆ. ಮೇಡಂ ಹತ್ತಿರ ಒಂದು ಮೀಟರು ಡಬ್ಬಿಯಿತ್ತು. ಉದ್ದನೆಯ ತಂತಿಯ ತುದಿಯನ್ನು ನೀರಿಗೆ ಇಳಿಸಿದರೆ, ನೀರಿನಲ್ಲಿ ಉಪ್ಪು ಎಷ್ಟಿದೆ ಎಂದು ಮುಳ್ಳು ತೋರಿಸುತ್ತಿತ್ತು. ಅವರು ಮುಳ್ಳು ನೋಡಲು ಕನ್ನಡಕ ಹುಡುಕುತ್ತಿರುವಾಗ, ಕೊಡ ತುಂಬಲು ಬಂದಿದ್ದ ಖಾಸಿಂಬಿ ಬೊಗಸೆ ನೀರನ್ನು ಬಾಯಲ್ಲಿ ಆಡಿಸಿ ಉಗುಳಿ, “ಇದು ನಿನ್ನೀ ಬಾವಿಗಿಂತ ಒಂದ್ ಚಿಟಿಕಿ ಕಮ್ಮಿ. ಬ್ಯಾಳಿ ಬೇಯ್ತದ, ಚಹಾ ಒಡೀತದ” ಎಂದಳು. ಮೇಡಂ ಮುಳ್ಳು ನೋಡಿದರು. ನಿನ್ನೆಯ ಅಂಕಿಯನ್ನು ನನ್ನಿಂದ ಓದಿಸಿದರು. ಮತ್ತೆ ಮುಳ್ಳು ನೋಡಿದರು.

“ಏನ್ರೀ ಇದು! ಹೇಗೆ ಹೇಳಿದ್ರಿ?”

“ಹ್ಯಾಂಗಂದ್ರ? ಅಲ್ಲಾಹು ನಾಲಿಗಿ ಇಟ್ಟಾನ, ಬರೇ ಬಯ್ಯಾಕಂತ ಇಟ್ಟಾನೇನು?”

ಅಂದಿನಿಂದ ನನ್ನ ನೋಟುಬುಕ್ಕಿನಲ್ಲಿ ಎರಡು ಕಾಲಮ್ಮು, ಒಂದು ಮುಳ್ಳಿನದು, ಒಂದು ನಾಲಿಗೆಯದು. ಮೊದಲು ನಾಲಿಗೆ ಹೇಳಬೇಕು, ಆಮೇಲೆ ತಂತಿ ಇಳಿಯಬೇಕು. ಗೆದ್ದವರಿಗೆ ಒಂದು ಏಲಕ್ಕಿ. ಏಲಕ್ಕಿಯೆಲ್ಲ ಮೇಡಂದೇ ಆದ್ದರಿಂದ ಅವರು ಗೆದ್ದರೆ ತಮಗೆ ತಾವೇ ಬಹುಮಾನ ಕೊಟ್ಟುಕೊಳ್ಳುತ್ತಿದ್ದರು. ಖಾಸಿಂಬಿ ಅದನ್ನು ಮೋಸ ಎಂದು ದೂರಿದ್ದೂ ಉಂಟು. ಇಬ್ಬರಲ್ಲಿ ಯಾರು ದೊಡ್ಡವರು ಎಂಬುದು ಕೊನೆಯತನಕ ಇತ್ಯರ್ಥವಾಗಲಿಲ್ಲ. ಮೇಡಂ ಅವಳನ್ನು ಆಪಾ, ಅಂದರೆ ಅಕ್ಕ, ಎಂದರು, ಅವಳು ಮೇಡಂ ಅವರನ್ನು ಅಕ್ಕಾರ ಎಂದಳು. ಇಬ್ಬರೂ ತಾನು ಚಿಕ್ಕವಳೆಂದು ವಾದಿಸಿದರು.

ದಿನ ಕಳೆದ ಹಾಗೆ ಇನ್ನೊಂದು ವಿಚಿತ್ರ ನಡೆಯಿತು. ಮೇಡಂ ಮುಳ್ಳು ನೋಡುವ ಮೊದಲು ಖಾಸಿಂಬಿಯ ಮುಖ ನೋಡತೊಡಗಿದರು. ಖಾಸಿಂಬಿ ಮೀಟರು ಡಬ್ಬಿಯನ್ನು ತನ್ನ ಸೆರಗಿನಿಂದ ಒರೆಸಿ ಇಡತೊಡಗಿದಳು. “ಇದಕ್ಕ ಎಲ್ಲಾ ತಿಳೀತದ ಮಾಸ್ತರ್ರ, ಸುಳ್ಳ ಹೇಳಂಗಿಲ್ಲ” ಎಂದು ಊರವರ ಮುಂದೆ ಅದರ ಗುಣಗಾನ ಮಾಡುತ್ತಿದ್ದಳು. ನಾನು ಅದನ್ನು ಕಂಡು ನಕ್ಕಿದ್ದೆ.

ಒಂದು ವಿಷಯದಲ್ಲಿ ಮಾತ್ರ ಮೇಡಂ ಬಿಟ್ಟುಕೊಡುತ್ತಿರಲಿಲ್ಲ. ಬಾವಿಯೊಳಗೆ ಯಾರೇ ಇಳಿದರೂ ಕಂಕುಳ ಕೆಳಗೆ ಹಗ್ಗ ಕಟ್ಟಲೇಬೇಕು, ಇನ್ನೊಂದು ತುದಿ ಮೇಲಿನವರ ಕೈಯಲ್ಲಿರಬೇಕು. “ನಾನೇನ್ ಎಮ್ಮೀ ಏನ್ರಿ?” ಎನ್ನುತ್ತಲೇ ಖಾಸಿಂಬಿ ಕಟ್ಟಿಸಿಕೊಳ್ಳುತ್ತಿದ್ದಳು.

ಶಹಾಪುರದಿಂದ ಸುರಪುರದ ಕಡೆಗೆ ಹೋಗುವಾಗ, ಮಲಗಿದ ಬುದ್ಧನಂತೆ ಕಾಣುವ ಗುಡ್ಡ ಹಿಂದೆ ಸರಿದ ಮೇಲೆ, ಒಂದು ಹಳ್ಳಿಯಲ್ಲಿ ಬಿಡಾರ ಮಾಡಿದೆವು. ಅಲ್ಲಿ ಒಬ್ಬ ಮುದುಕ ತನ್ನ ಅಂಗಳದ ಹಗೇವಿನಲ್ಲಿ ನೀರು ಬಂದಿದೆ ಎಂದ. ಹಗೇವು ಗೊತ್ತಲ್ಲ? ನೆಲದೊಳಗೆ ಜೋಳ ತುಂಬಿಡುವ ಗುಂಡಿ. ಬಾಯಿ ಒಬ್ಬರು ಇಳಿಯುವಷ್ಟು ಮಾತ್ರ, ಒಳಗೆ ಗಡಿಗೆಯಂತೆ ಅಗಲ, ಎರಡಾಳು ಆಳ. ಮುದುಕನ ಅಜ್ಜನ ಕಾಲದಿಂದ ಒಣಗಿಯೇ ಇದ್ದ ಹಗೇವಿನಲ್ಲಿ ಈಗ ತಳದ ಜೋಳ ಕೊಳೆತು ನೀರು ನಿಂತಿತ್ತು. ಅದು ಕಾಲುವೆಯಿಂದ ಬಸಿದು ಬಂದ ಹೊಳೆಯ ನೀರೋ, ಕೆಳಗಿನಿಂದ ಮೇಲೆದ್ದ ಹಳೆಯ ಸವಳು ನೀರೋ? ಅಂದು ರಾತ್ರಿ ಊಟದ ಹೊತ್ತಿಗೆ ಪಂದ್ಯವಾಯಿತು. ಸವಳು ಎಂದರು ಮೇಡಂ. ಹೊಳಿ ನೀರು ಎಂದಳು ಖಾಸಿಂಬಿ. ಈ ಸಲ ಒಂದಲ್ಲ, ಡಬ್ಬಿಯಲ್ಲಿ ಉಳಿದಷ್ಟೂ ಏಲಕ್ಕಿ.

ಬೆಳಿಗ್ಗೆ ಮುದುಕ ಹಗೇವಿನ ಮೇಲಿನ ಕಲ್ಲು ಸರಿಸಿ, ಕಟ್ಟೆಯ ಮೇಲೆ ಒಂದು ಕಂದೀಲು ತಂದಿಟ್ಟ. “ಕಂದೀಲು ಇಳಿಸಿ ನೋಡದ ಯಾರೂ ಇಳೀಬ್ಯಾಡ್ರಿ. ದೀಪ ಆರಿದ್ರ ಮನಷಾನೂ ಆರತಾನ” ಎಂದು ಹೇಳಿ ಹೊಲಕ್ಕೆ ಹೋದ. ಡ್ರೈವರು ಜೀಪು ತೊಳೆಯಲು ಕಾಲುವೆಗೆ ಹೋಗಿದ್ದ. ನಮ್ಮ ಸೀಮೆಯಲ್ಲಿ ಇದು ಮಕ್ಕಳಿಗೂ ಗೊತ್ತು. ಮುಚ್ಚಿದ ಹಗೇವಿನಲ್ಲಿ ಕೆಟ್ಟ ಗಾಳಿ ಕೂತಿರುತ್ತದೆ. ಕಂದೀಲು ತಳದಲ್ಲಿ ಉರಿದರೆ ಇಳಿಯಬೇಕು, ಆರಿದರೆ ಕಂಬಳಿ ಬೀಸಿ ಗಾಳಿಯಾಡಿಸಿ ಕಾಯಬೇಕು. ಖಾಸಿಂಬಿಗೆ ಗೊತ್ತಿತ್ತು. ವಿಜ್ಞಾನದ ಮಾಸ್ತರನಾದ ನನಗೆ ಕಾರಣವೂ ಗೊತ್ತಿತ್ತು.

ಪಂದ್ಯದ ಆತುರದಲ್ಲಿ ಮೇಡಂ ನಿಯಮ ಮರೆತು ಮೊದಲೇ ಮೀಟರಿನ ತಂತಿ ಇಳಿಸಿದರು. ಹುಳಿ ವಾಸನೆ ಮೇಲೆ ಬರುತ್ತಿತ್ತು. ಮುಳ್ಳು ಕದಲಿ ನಿಂತಿತು. ಮೇಡಂ ಅಂಕಿ ಹೇಳಲು ನನ್ನ ಕಡೆ ತಿರುಗಿದರು. ಖಾಸಿಂಬಿ ಆಗಲೇ ಹಗ್ಗ ಕಟ್ಟಿಕೊಂಡು, ಡಬ್ಬಿ ಹೇಳುವ ಮೊದಲೇ ತಾನು ರುಚಿ ನೋಡಬೇಕೆಂದು ಕಾಲು ಇಳಿಬಿಟ್ಟಿದ್ದಳು. ಡಬ್ಬಿಯ ತಂತಿಯೇ ಒಳಗೆ ಹೋದ ಮೇಲೆ ಕಂದೀಲು ಯಾಕೆ ಎಂದುಕೊಂಡಳು ಅವಳು. ಗಾಳಿ ಕೆಟ್ಟಿದ್ದರೆ ಎಲ್ಲ ಬಲ್ಲ ಡಬ್ಬಿ ಹೇಳದೆ ಬಿಡುತ್ತದೆಯೇ? ಊರೂರ ಬಾವಿ ಮೂಸಿದ ಖಾಸಿಂಬಿಯೇ ಇಳಿಯುತ್ತಿರುವಾಗ ಹೆದರಿಕೆ ಏನು ಎಂದುಕೊಂಡರು ಮೇಡಂ. ಇಬ್ಬರೂ ಆಮೇಲೆ ನನ್ನೆದುರಿಗೇ ಇದನ್ನು ಒಪ್ಪಿಕೊಂಡರು. ಪರಿಚಯ ಇಲ್ಲದ ಇಬ್ಬರು ಹೆಂಗಸರಾಗಿದ್ದರೆ ಈ ತಪ್ಪು ನಡೆಯುತ್ತಿರಲಿಲ್ಲ.

ನನ್ನ ತಪ್ಪು ಬೇರೆ. ಹಗ್ಗದ ತುದಿ ನನ್ನ ಕೈಯಲ್ಲಿತ್ತು, ಖಾಸಿಂಬಿ ಗೋಡೆಯ ಗುಳಿಗಳಲ್ಲಿ ಕಾಲಿಟ್ಟು ನೀರಿನ ಹತ್ತಿರ ಇಳಿದಿದ್ದಳು. ಮೇಡಂ ಅಂಕಿ ಹೇಳಿದರು. ಬರೆಯಲು ಎರಡೂ ಕೈ ಬೇಕು, ಒಂದು ಪುಸ್ತಕಕ್ಕೆ, ಒಂದು ಪೆನ್ನಿಗೆ. ಹಗ್ಗವನ್ನು ಚಪ್ಪಲಿಯ ಕೆಳಗೆ ಒತ್ತಿ, ‘೨’ ಎಂದು ದುಂಡಗೆ ಬರೆದೆ. ಎರಡನೆಯ ಅಂಕಿಗೆ ಪೆನ್ನು ಇಡುವಷ್ಟರಲ್ಲಿ ಕೆಳಗೆ ಏನೋ ಮೆತ್ತಗೆ ಬಿದ್ದ ಸದ್ದು. ಹಗ್ಗ ಚಪ್ಪಲಿಯಡಿಯಿಂದ ಸರಸರ ಸರಿದು ಹಗೇವಿನ ಬಾಯಿಯ ಕಡೆ ಓಡಿತು.

ಇಷ್ಟು ವರ್ಷಗಳಲ್ಲಿ ನಾನು ಆ ಹಗ್ಗವನ್ನು ಸಾವಿರ ಸಲ ಹಿಡಿದಿದ್ದೇನೆ. ಪಾಠ ಮಾಡುವಾಗ, ಬಸ್ಸಿನಲ್ಲಿ ಕೂತಾಗ, ಊಟದ ನಡುವೆ ಸುಮ್ಮನೆ ಕೈ ಮುಷ್ಟಿಯಾಗುತ್ತದೆ. ಅಂದು ಹಿಡಿದವನು ನಾನಲ್ಲ. ಮೇಡಂ ಅಂಗಳದ ಮಣ್ಣಿಗೆ ಬೋರಲು ಬಿದ್ದು, ಇನ್ನು ಮೊಳದಷ್ಟೇ ಉಳಿದಿದ್ದ ತುದಿಯನ್ನು ಹಿಡಿದರು. “ಎಳೀರಿ! ಇಳೀಬೇಡಿ, ಎಳೀರಿ!” ಎಂದು ಕೂಗಿದರು. ನಾನು ಇಳಿಯಲು ಹೊರಟಿದ್ದೆನಂತೆ, ನನಗೆ ನೆನಪಿಲ್ಲ. ಇಳಿದಿದ್ದರೆ ಇದನ್ನು ಬರೆಯುತ್ತಿರಲಿಲ್ಲ. ಇಬ್ಬರೂ ಜಗ್ಗಿದೆವು. ಬಾಯಿಯ ಹತ್ತಿರ ಅವಳ ಭುಜ ಸಿಕ್ಕಿಕೊಂಡಿತು. ಪಕ್ಕದ ಮನೆಯ ಹೆಂಗಸರು ಓಡಿ ಬಂದು ರಟ್ಟೆ ಹಿಡಿದು ಮೇಲೆ ಎಳೆದುಕೊಂಡರು. ಖಾಸಿಂಬಿಯ ತುಟಿ ನೀಲಿಯಾಗಿತ್ತು. ಎದೆ ಆಡುತ್ತಿರಲಿಲ್ಲ.

ತಮ್ಮ ಲೋಟಕ್ಕೇ ತುಟಿ ತಾಗಿಸದ ವಿಮಲಾ ಮೇಡಂ ಅವಳ ಎಲೆ ತಂಬಾಕಿನ ಬಾಯಿಗೆ ಬಾಯಿಟ್ಟು ಊದಿದರು. ಮತ್ತೆ ಊದಿದರು. ಸುತ್ತ ನಿಂತ ಹೆಂಗಸರಲ್ಲಿ ಒಬ್ಬಳು, “ಏನ್ ಮಾಡಾಕತ್ತಾಳ ಇಕಿ?” ಎಂದಳು. ಇನ್ನೊಬ್ಬಳು, “ಸುಮ್ನಿರ, ಉಸರ ಕೊಡಾಕತ್ತಾಳ” ಎಂದಳು. ಎಷ್ಟು ಹೊತ್ತು ಎಂದು ನಾನು ಹೇಳಲಾರೆ. ಕಟ್ಟೆಯ ಮೇಲೆ ಹಚ್ಚದ ಕಂದೀಲು ಹಾಗೇ ಇತ್ತು, ಅದರ ಗಾಜಿನಲ್ಲಿ ನಾವೆಲ್ಲ ಸಣ್ಣಗೆ ಕಾಣುತ್ತಿದ್ದೆವು.

ಖಾಸಿಂಬಿ ಕೆಮ್ಮಿದಳು. ಕಣ್ಣು ಬಿಟ್ಟು, ಮೇಲೆ ಬಾಗಿದ್ದ ಮುಖವನ್ನು ಗುರುತು ಹಿಡಿದು, ಮುಖ ಹಿಂಡಿ, “ಅಕ್ಕಾರ, ನಿಮ್ಮ ಬಾಯಾಗ ಯಾಲಕ್ಕಿ” ಎಂದಳು. ಮೇಡಂ ಅಲ್ಲೇ ಕೂತು ಗಟ್ಟಿಯಾಗಿ ಅತ್ತರು. ಮೈಸೂರಿನವರು ಹಾಗೆ ಅಳುತ್ತಾರೆಂದು ನನಗೆ ಗೊತ್ತಿರಲಿಲ್ಲ.

ಆ ಹಗೇವಿನ ಅಂಕಿಯನ್ನು ಯಾರೂ ಮತ್ತೆ ಕೇಳಲಿಲ್ಲ. ಆ ಪುಟ ಬಿಟ್ಟೇ ಮೇಡಂ ವರದಿ ಬರೆದರು. ಆಮೇಲೆ ವರ್ಷಕ್ಕೊಂದು ಪೊಟ್ಟಣ ಏಲಕ್ಕಿ ಮೈಸೂರಿನಿಂದ ಸುರಪುರಕ್ಕೆ ಬರುತ್ತಿತ್ತು. ಮೈಸೂರಿನ ಕಡೆ ಹೋಗುವವರು ಯಾರಾದರೂ ಸಿಕ್ಕರೆ ಖಾಸಿಂಬಿ ಒಂದು ಬಾಟಲಿ ಬಾವಿ ನೀರು ಕಳಿಸುತ್ತಿದ್ದಳು. ಮುಳ್ಳು ಏನು ಹೇಳಿತೆಂದು ಕಾರ್ಡಿನಲ್ಲಿ ಉತ್ತರ ಬರುತ್ತಿತ್ತು. ಇದೆಲ್ಲ ನನಗೆ ತಿಳಿದದ್ದು ಬೇರೆಯವರಿಂದ. ಸುರಪುರಕ್ಕೆ ಎಷ್ಟೋ ಸಲ ಹೋದರೂ ಅವಳ ಓಣಿಗೆ ನಾನು ಕಾಲಿಡಲಿಲ್ಲ. ಮೇಡಂ ತೀರಿಕೊಂಡು ಎರಡು ವರ್ಷವಾಯಿತು. ಆಗಲೂ ಹೋಗಲಿಲ್ಲ.

ಇವತ್ತು ಜೋಳದ ವಾಸನೆ ಮೂಗಿಗೆ ಬಡಿದ ಮೇಲೆ, ಅಟ್ಟದಿಂದ ಆ ನೋಟುಬುಕ್ಕು ಇಳಿಸಿದೆ. ಅವಳ ಮೊಮ್ಮಗಳ ಫೋನ್ ನಂಬರು ಹುಡುಕಿಸಿದೆ. ಆಕೆ ಫೋನನ್ನು ಅಜ್ಜಿಯ ಕೈಗೆ ಕೊಟ್ಟಳು. ಕುಶಲ ಕೇಳುವುದನ್ನೂ ಮರೆತು, “ಖಾಸಿಂಬಿ, ಅವತ್ತು ಹಗ್ಗ ಬಿಟ್ಟಾಂವ ನಾನು” ಎಂದುಬಿಟ್ಟೆ.

“ಗೊತ್ತದ ಮಾಸ್ತರ್ರ. ಹಗ್ಗ ಸಡ್ಲಾದ್ದು ಕಟ್ಕೊಂಡ ಎದಿಗಿ ತಿಳೀಲಿಲ್ಲೇನು?”

“ಮತ್ತ ಇಷ್ಟು ವರ್ಷ ಯಾಕ ಅನ್ನಲಿಲ್ಲ?”

“ಬಿಟ್ಟ ಕೈಯೇ ಮತ್ತ ಜಗ್ಗ್ಯಾವಲ್ಲ, ಇನ್ನೇನ್ ಅನ್ಲಿ? ನೀವ ಈ ಕಡೆ ಬರಲಿಲ್ಲ. ಬಂದಿದ್ರ ಬೈದು ಚಹಾ ಕೊಡ್ತಿದ್ದೆ.” ಆಮೇಲೆ ಕೇಳಿದಳು, “ಅವತ್ತ ಮುಳ್ಳು ಎಷ್ಟು ಹೇಳಿತ್ರಿ?”

ಪುಟ ತೆರೆದೇ ಇತ್ತು. ಒಂದು ದುಂಡನೆಯ ‘೨’, ಅದರ ಮುಂದೆ ಹಾಳೆಯ ಅಂಚಿನವರೆಗೆ ಜಾರಿದ ಒಂದು ಗೀಟು. ಹಾಗೆಂದು ಹೇಳಿದೆ.

ಖಾಸಿಂಬಿ ನಕ್ಕಳು. “ಹೊಳಿ ನೀರು ಮಾಸ್ತರ್ರ. ಬೀಳೂಕಿಂತ ಮೊದ್ಲ ನಾಲಿಗಿಗಿ ಹಚ್ಚಿದ್ದೆ. ನಾನ ಗೆದ್ದಿದ್ದೆ.”

“ಮೇಡಂಗ ಹೇಳಲಿಲ್ಲ?”

“ಉಸರ ಕೊಟ್ಟಾಕಿ ಮುಂದ ಗೆದ್ದೀನಂತ ಹ್ಯಾಂಗ ಹೇಳ್ಲಿ?”

ಫೋನು ಇಟ್ಟ ಮೇಲೆ ನಾಲಿಗೆಯ ಕಾಲಮ್ಮಿನಲ್ಲಿ ‘ಹೊಳೆಯ ನೀರು’ ಎಂದು ಬರೆದೆ. ಅಕ್ಷರ ಸೊಟ್ಟಗಾದವು. ತಿದ್ದಲಿಲ್ಲ. ಅಡುಗೆಮನೆಗೆ ಹೋಗಿ ಕಿಟಕಿ ತೆರೆದೆ. ಗಾಳಿಯಾಡಲೆಂದು ಸ್ವಲ್ಪ ಹೊತ್ತು ಕಾದು, ಜೋಳದ ಡಬ್ಬಿಯನ್ನು ಎರಡೂ ಕೈಯಿಂದ ಎತ್ತಿ ಹೊರಗೆ ತಂದೆ. ನಾಳೆ ಸುರಪುರದ ಮೊದಲ ಬಸ್ಸು ಎಷ್ಟು ಹೊತ್ತಿಗೆ ಎಂದು ಹೆಂಡತಿಯನ್ನು ಕೇಳಿದೆ. ದಾರಿಯಲ್ಲಿ ಏಲಕ್ಕಿ ಕೊಳ್ಳಬೇಕು, ಒಂದು ಡಬ್ಬಿ ತುಂಬ. ಪಂದ್ಯದ ಬಾಕಿ ಅಷ್ಟು.