ಕೆರೆಯ ಮೇಲಿನ ನಲವತ್ತಮೂರು ಮನೆಗಳು

ನನ್ನ ಸೋದರತ್ತೆ ಇಪ್ಪತ್ತೆರಡು ವರ್ಷ ಪತ್ರಿಕೆಯಲ್ಲಿ ಹಣದ ಮೋಸಗಳನ್ನು ಬಯಲಿಗೆಳೆದವಳು. ಮಾತು ಕಡಿಮೆ, ನಡಿಗೆ ಜಾಸ್ತಿ. ಯಾರಾದರೂ ಗುಟ್ಟಾಗಿ ದಾಖಲೆ ತಂದರೆ ಅವರೆದುರೇ ಓದಿ, ಬೇಕಾದಷ್ಟನ್ನು ತನ್ನ ಕೈಯಲ್ಲೇ ಬರೆದುಕೊಂಡು, ಕಾಗದವನ್ನು ವಾಪಸು ಕೊಟ್ಟುಬಿಡುತ್ತಿದ್ದಳು. ಕೆಲಸಕ್ಕೆ ಸೇರಿದ ಮೂರನೇ ವರ್ಷ ಒಂದು ಕಚೇರಿಯಿಂದ ಗುಟ್ಟಾಗಿ ಬಂದ ಹಾಳೆಯ ಫೋಟೋ ಅಚ್ಚು ಹಾಕಿಸಿದ್ದಳು. ಅದರ ಮೂಲೆಯಲ್ಲಿ ಪೆನ್ಸಿಲ್ಲಿನ ಸಣ್ಣ ಗೀಟಿತ್ತು. ಹಾಗೆ ಗೀಟು ಎಳೆಯುವವನು ಆ ಕಚೇರಿಯಲ್ಲಿ ಒಬ್ಬನೇ. ಸಂಜೆಯೊಳಗೆ ಅವನ ಕೆಲಸ ಹೋಯಿತು.

ಒಂದು ಮಧ್ಯಾಹ್ನ, ಸಾಲ ಕೊಡುವ ಸಂಘದ ಗುಮಾಸ್ತೆಯೊಬ್ಬಳು ಪಟ್ಟಿ ತಂದಳು. ಒಂದೇ ಬೀದಿಯ ನಲವತ್ತೊಂದರಿಂದ ಎಂಬತ್ತಮೂರನೇ ನಂಬರಿನವರೆಗಿನ ಮನೆಗಳನ್ನು ಅಡವಿಟ್ಟುಕೊಂಡು ಸಂಘ ದೊಡ್ಡ ಸಾಲಗಳನ್ನು ಕೊಟ್ಟಿತ್ತು.

"ಅಕ್ಕಾ, ನಾನು ಕೊಟ್ಟೆ ಅಂತ ಗೊತ್ತಾಗಬಾರದು. ಮನೇಲಿ ದುಡಿಯೋಳು ನಾನೊಬ್ಬಳೇ."

"ಗೊತ್ತಾಗಲ್ಲ," ಎಂದಳು ಅತ್ತೆ.

ಮರುದಿನ ಬೆಳಿಗ್ಗೆ ಆ ಬೀದಿಗೆ ಹೋದಳು. ಮೂವತ್ತೆಂಟನೇ ಮನೆಯಲ್ಲಿ ಯಾರೋ ಬಟ್ಟೆ ಒಗೆಯುತ್ತಿದ್ದರು. ನಲವತ್ತನೆಯದರ ಬಾಗಿಲು ಹಸಿರು. ಅದರಾಚೆ ಕೆರೆ. ಮಂಜಿನಲ್ಲಿ ಆಚೆ ದಡ ಕಾಣಿಸುತ್ತಿರಲಿಲ್ಲ. ಅತ್ತೆ ತಾನು ಬರೆದುಕೊಂಡ ಪಟ್ಟಿ ಹಿಡಿದು, ಒಂದೊಂದೇ ಮನೆಯನ್ನು ಮನಸ್ಸಿನಲ್ಲೇ ನೀರಿನ ಮೇಲೆ ಇಟ್ಟು ನೋಡಿದಳಂತೆ. ನಲವತ್ತೊಂದಕ್ಕೆ ಎರಡು ಮಹಡಿ. ನಲವತ್ತೇಳಕ್ಕೆ ಹಿತ್ತಿಲು. ಬಾತುಕೋಳಿಯೊಂದು ಐವತ್ತೆರಡನೇ ಮನೆಯ ನಡುಮನೆಯನ್ನು ಹಾದು ಆರಾಮಾಗಿ ಈಜಿಹೋಯಿತು.

"ಪಟ್ಟಿಯ ಫೋಟೋ ಕೊಡಿ," ಎಂದರು ಸಂಪಾದಕರು. "ನಿಮ್ಮ ಕೈಬರಹ ನಂಬಿ ಅಚ್ಚು ಹಾಕಿದರೆ ನನ್ನ ಕುತ್ತಿಗೆಗೆ ಬರುತ್ತೆ."

"ಫೋಟೋ ಹಾಕಿದರೆ ಅವಳ ಕುತ್ತಿಗೆಗೆ ಬರುತ್ತೆ ಸಾರ್."

"ಹಾಗಾದರೆ ಬಿಟ್ಟುಬಿಡಿ."

ಅತ್ತೆ ಬಿಡಲಿಲ್ಲ. ಅಡಮಾನದ ಪತ್ರಗಳು ನೋಂದಣಿ ಕಚೇರಿಯಲ್ಲೂ ಇರುತ್ತವೆ. ಶುಲ್ಕ ಕಟ್ಟಿದರೆ ಯಾರಿಗಾದರೂ ನಕಲು ಸಿಗುತ್ತದೆ. ಆದರೆ ಒಬ್ಬರಿಗೆ ದಿನಕ್ಕೆ ಒಂದೇ. ನಲವತ್ತಮೂರು ದಿನ ಅವಳು ಅಲ್ಲಿನ ಮರದ ಬೆಂಚಿನ ಮೇಲೆ ಕೂತಳು. ಕಿಟಕಿಯ ಬಿಸಿಲು ನೆಲದ ಮೇಲೆ ನಿಧಾನವಾಗಿ ಸರಿದು ಗೋಡೆ ಹತ್ತುತ್ತಿತ್ತು. ಕೆಲವೊಮ್ಮೆ ತೂಕಡಿಸಿ, ಆ ಮನೆಗಳೊಳಗೆ ಓಡಾಡಿ ಬರುತ್ತಿದ್ದಳು. ಎಲ್ಲದರಲ್ಲೂ ನೀರಿನ ಸದ್ದಂತೆ.

"ಇಲ್ಲದ ಮನೆಗೆ ದಿನಾ ಹೋಗ್ತೀಯ. ಇರೋ ಮನೆಗೆ ಬರೋಕೆ ಏನು ಕಷ್ಟ ನಿಂಗೆ?" ಎಂದು ನನ್ನಪ್ಪ ರೇಗಿಸಿದ.

"ಅಲ್ಲಿ ಯಾರೂ ತಲೆ ತಿನ್ನಲ್ಲ ಅಣ್ಣ."

ಕೊನೆಗೆ ಸುದ್ದಿ ಬಂತು. ಕೆರೆಯ ಫೋಟೋ, ಪಕ್ಕದಲ್ಲಿ ಮೊಹರು ಬಿದ್ದ ನಕಲು. ಅದರಲ್ಲಿ 'ಅರ್ಜಿದಾರರು' ಎಂಬಲ್ಲಿ ಅತ್ತೆಯ ಹೆಸರೇ ಇತ್ತು. ಸಂಘದ ಅಧ್ಯಕ್ಷನನ್ನು ಪೊಲೀಸರು ಕರೆದೊಯ್ದರು, ಹೊಸಬರೊಬ್ಬರು ಆಡಳಿತ ವಹಿಸಿಕೊಂಡರು. ಗುಟ್ಟು ಹೊರಗೆ ಹಾಕಿದವರು ಯಾರೆಂದು ಯಾರೂ ಹುಡುಕಲಿಲ್ಲ.

ವಾರದ ನಂತರ ಆ ಗುಮಾಸ್ತೆ ಸಂಘದ ಇಬ್ಬರು ಸಹೋದ್ಯೋಗಿಗಳ ಜೊತೆ ನಗುತ್ತ ಎದುರಿಗೆ ಬಂದಳಂತೆ. ಅತ್ತೆಯ ಮುಖ ನೋಡಿ, ಗುರುತೇ ಇಲ್ಲದವಳಂತೆ ದಾಟಿಹೋದಳಂತೆ.

"ಎಷ್ಟು ಚೆನ್ನಾಗಿ ದಾಟಿಹೋದಳು ಗೊತ್ತಾ," ಎಂದಳು ಅತ್ತೆ.