ಅರ್ಧ ಮಾರ್ಕಿನ ಕ್ಯಾಸೆಟ್

ಹೋದ ತಿಂಗಳು ಒಂದು ಗುರುವಾರ ಬೆಳಿಗ್ಗೆ ನಮ್ಮ ಮನೆಯವರು ಒಂದು ಸಣ್ಣ ಟೀವಿಯನ್ನು ಎದೆಗೆ ಅವಚಿಕೊಂಡು ಮಗಳ ಶಾಲೆಯ ಮೆಟ್ಟಿಲು ಹತ್ತಿದರು. ಅವರ ಹಿಂದೆ ಟೂ-ಇನ್-ಒನ್ ಟೇಪ್‌ರೆಕಾರ್ಡರ್ ಹಿಡಿದುಕೊಂಡು ನಾನು. ನನ್ನ ಹಿಂದೆ, ಸಾಕಷ್ಟು ದೂರದಲ್ಲಿ, ನಮ್ಮಿಬ್ಬರ ಗುರುತೇ ಇಲ್ಲದವಳ ಹಾಗೆ ಮಗಳು.

ಓಪನ್ ಹೌಸ್‌ಗೆ ಬಂದಿದ್ದ ಅಪ್ಪ ಅಮ್ಮಂದಿರು ಪಕ್ಕಕ್ಕೆ ಸರಿದು ದಾರಿ ಬಿಟ್ಟರು. ಶಾಲೆಗೆ ಟೀವಿ ದಾನ ಕೊಡಲು ಬಂದಿದ್ದಾರೆ ಅಂದುಕೊಂಡರೇನೋ. ನಾವು ಹೋಗಿದ್ದು ಕೊಡುವುದಕ್ಕಲ್ಲ, ಕೇಳುವುದಕ್ಕೆ. ಅರ್ಧ ಮಾರ್ಕು ಕೇಳುವುದಕ್ಕೆ.

ನಗಬೇಡಿ. ಅರ್ಧ ಮಾರ್ಕಿಗೆ ಟೀಚರ್ ಹತ್ತಿರ ಜಗಳವಾಡುವ ತಾಯಂದಿರನ್ನು ಕಂಡರೆ ನನಗೂ ಆಗುವುದಿಲ್ಲ. ಇದೇ ಅಂಕಣದಲ್ಲಿ ಅವರನ್ನು ಚೆನ್ನಾಗಿ ಗೇಲಿ ಮಾಡಿದ್ದೇನೆ. (ಆಗ ಫೋನ್ ಮಾಡಿ ಬೈದವರು ಈಗ ಮತ್ತೊಮ್ಮೆ ಮಾಡಬಹುದು, ನಂಬರ್ ಬದಲಾಗಿಲ್ಲ.) ಆದರೆ ಇದು ಬೇರೆ ಅರ್ಧ ಮಾರ್ಕು. ಯಾಕೆ ಬೇರೆ ಅಂತ ಹೇಳುತ್ತೇನೆ, ಕೇಳಿ.

ಮಗಳು ಅನುಷಾ ಆರನೇ ಕ್ಲಾಸು. ಕಂಪ್ಯೂಟರ್ ಯೂನಿಟ್ ಟೆಸ್ಟಿನಲ್ಲಿ ಒಂದು ಪ್ರಶ್ನೆ ಇತ್ತು: ಮಾಹಿತಿ ಶೇಖರಿಸಿಡುವ ಎರಡು ಸಾಧನಗಳನ್ನು ಹೆಸರಿಸಿ. ಇವಳು ಬರೆದಿದ್ದಳು. ಒಂದು, ಹಾರ್ಡ್ ಡಿಸ್ಕ್. ಎರಡು, ಆಡಿಯೋ ಕ್ಯಾಸೆಟ್. ಮೊದಲನೆಯದಕ್ಕೆ ಟಿಕ್ಕು. ಎರಡನೆಯದಕ್ಕೆ ದೊಡ್ಡದೊಂದು ಕೆಂಪು ಇಂಟು. ಸಾಲದು ಅಂತ ಪಕ್ಕದಲ್ಲಿ ಪ್ರಶ್ನಾರ್ಥಕ ಚಿಹ್ನೆ.

ಪೇಪರಿಗೆ ಪೇರೆಂಟ್ಸ್ ಸಹಿ ಹಾಕಿಸಿ ವಾಪಸ್ ಕೊಡಬೇಕು. ಅದು ನಿಯಮ. ಅವಳು ಪೇಪರ್ ತಂದು ಡೈನಿಂಗ್ ಟೇಬಲ್ಲಿನ ಮೇಲಿಟ್ಟು, ಪೆನ್ನನ್ನೂ ಕೈಗೆ ಕೊಟ್ಟು, "ಅಮ್ಮಾ, ಜಸ್ಟ್ ಸೈನ್ ಇಟ್" ಎಂದಳು.

"ಕ್ಯಾಸೆಟ್ ಯಾಕೆ ತಪ್ಪಂತೆ?"

"ಮಿಸ್ ಸೆಡ್ ಇಟ್ಸ್ ಫಾರ್ ಸಾಂಗ್ಸ್. ಎವ್ರಿಬಡಿ ಲಾಫ್ಡ್." ಮುಖ ಎತ್ತದೆ ಕೇಳಿದಳು, "ಅಮ್ಮಾ, ಡಿಡ್ ಯು ರಿಯಲಿ ಡೂ ಇಟ್? ಆರ್ ವಾಸ್ ಇಟ್ ಜಸ್ಟ್ ಎ ಸ್ಟೋರಿ?"

ನಾನು ಪೆನ್ನು ಕೆಳಗಿಟ್ಟೆ.

ಕಂಪ್ಯೂಟರ್ ಪ್ರೋಗ್ರಾಮನ್ನು ಕ್ಯಾಸೆಟ್ಟಿನಲ್ಲಿ ಉಳಿಸಿಡುತ್ತಿದ್ದೆ ಎಂದು ಊಟ ಮಾಡಿಸುವಾಗ ನಾನು ಹೇಳಿದ್ದ ಮಾತನ್ನು ನಂಬಿ ಆ ಹುಡುಗಿ ಪರೀಕ್ಷೆಯಲ್ಲಿ ಬರೆದಿದ್ದಳು. ಆ ಇಂಟುವಿನ ಕೆಳಗೆ ನಾನು ಸಹಿ ಹಾಕಿದರೆ ಏನರ್ಥ? ಹೌದಮ್ಮ, ಕಥೆ ಹೇಳಿದ್ದೆ, ನಿಮ್ಮಮ್ಮ ಸುಳ್ಳುಬುರುಕಿ ಎಂದೇ ತಾನೆ?

ಕಥೆ ಅಲ್ಲ, ಸ್ವಾಮಿ. ನಡೆದದ್ದು.

ಮದುವೆಯಾಗಿ ಮಸ್ಕತ್ತಿಗೆ ಬಂದ ಹೊಸತು. ಈಗ ಅಲ್ ಹೈಲ್‌ನಲ್ಲಿ ಇದ್ದೇವೆ, ಆಗ ವಾದಿ ಕಬೀರಿನಲ್ಲಿ ಗ್ಯಾರೇಜುಗಳ ಮೇಲಿನ ಫ್ಲಾಟು. ಕೆಳಗೆ ದಿನವಿಡೀ ತಗಡು ಬಡಿಯುವ ಸದ್ದು. ನನ್ನ ವೀಸಾದ ಮೇಲೆ ಕೆಲಸ ಮಾಡುವಂತಿಲ್ಲ ಎಂಬ ಮುದ್ರೆ. ಮೈಸೂರಿನಲ್ಲಿ ಗಣಿತದ ಬಿಎಸ್ಸಿ ಮಾಡಿ ಬಂದವಳು ಇಲ್ಲಿ ಮಧ್ಯಾಹ್ನವನ್ನು ಹೇಗೆ ದೂಡುವುದು ಎಂಬ ಲೆಕ್ಕದಲ್ಲಿ ಬಿದ್ದಿದ್ದೆ.

ಅಷ್ಟರಲ್ಲಿ ಇವರ ಆಫೀಸಿನ ಬ್ರಿಟಿಷ್ ಎಂಜಿನಿಯರ್ ಒಬ್ಬರು ದೇಶಕ್ಕೆ ವಾಪಸ್ ಹೊರಟರು. ಹೊರಡುವವರು ಮನೆ ಸಾಮಾನನ್ನೆಲ್ಲ ಹರಡಿಟ್ಟು ಮಾರುವುದು ಇಲ್ಲಿ ಇದ್ದದ್ದೇ. ನಾವು ಹೋಗಿದ್ದು ಇಸ್ತ್ರಿ ಮಾಡುವ ಟೇಬಲ್ಲಿಗೆ. ಅದನ್ನು ಕೊಡುವಾಗ ಅವರ ಹೆಂಡತಿ ಒಂದು ಪುಟ್ಟ ಕಪ್ಪು ಡಬ್ಬಿಯನ್ನೂ ಜೊತೆಗಿಟ್ಟರು. ಮೇಲೆ ರಬ್ಬರ್ ಕೀಲಿಗಳು. ನನ್ನ ಹುಡುಗರು ದೊಡ್ಡವರಾದರು, ನೀನು ಆಡಿಕೋ ಎಂದರು. ಅದು ಸ್ಪೆಕ್ಟ್ರಮ್ ಎಂಬ ಕಂಪ್ಯೂಟರ್.

ಅದಕ್ಕೆ ಮೊದಲು ನಾನು ಕಂಪ್ಯೂಟರ್ ನೋಡಿದ್ದು ಒಂದೇ ಸಲ, ಮೈಸೂರಿನಲ್ಲಿ, ತಮ್ಮನ ಹೈಸ್ಕೂಲಿನಲ್ಲಿ. ಬ್ರಿಟನ್ನಿನ ಶಾಲೆಗಳಿಗೆಂದೇ ಮಾಡಿದ ಮೈಕ್ರೊ ಯಂತ್ರಗಳನ್ನು ನಮ್ಮ ಸರ್ಕಾರವೂ ತರಿಸಿ ಕೆಲವು ಶಾಲೆಗಳಿಗೆ ಹಂಚಿತ್ತು. ಅಲ್ಲಿ ಮಕ್ಕಳು ಅದನ್ನು ಬಿಚ್ಚಿ ಕುಲುಕಿ ಕಲಿಯುತ್ತಿದ್ದರಂತೆ. ನಮ್ಮಲ್ಲಿ? ಎಸಿ ಕೋಣೆ, ಕಿಟಕಿಗೆ ಪರದೆ, ಚಪ್ಪಲಿ ಹೊರಗೆ. ನಾನು ಹೋದದ್ದು ಆಯುಧಪೂಜೆಯ ದಿನ. ಮಾನಿಟರಿನ ಹಣೆಗೆ ಕುಂಕುಮ ಹಚ್ಚಿ ಚೆಂಡುಹೂವಿನ ಹಾರ ಹಾಕಿದ್ದರು. ಮಂಗಳಾರತಿ ತೆಗೆದುಕೊಂಡು ಬಂದೆ. ಕೀಲಿ ಮುಟ್ಟಲು ಬಿಡಲಿಲ್ಲ.

ಈಗ ಅದರದೇ ಬಡ ಸೋದರ ನನ್ನ ಅಡುಗೆಮನೆಯ ಕಟ್ಟೆಯ ಮೇಲೆ ಕೂತಿತ್ತು. ಮುಟ್ಟಬೇಡ ಅನ್ನುವವರು ಯಾರೂ ಇಲ್ಲ. ಮಾನಿಟರ್ ಬೇಡ, ಮನೆಯ ಟೀವಿಯ ಆಂಟೆನಾ ತೂತಿಗೆ ವೈರ್ ಸಿಕ್ಕಿಸಿದರೆ ಆಯಿತು. ಆನ್ ಮಾಡಿದರೆ ಖಾಲಿ ಪರದೆ. ನೀನು ಏನಾದರೂ ಹೇಳುವವರೆಗೆ ನಾನು ಏನೂ ಮಾಡುವುದಿಲ್ಲ ಎಂದು ಕಾಯುತ್ತಿತ್ತು. ಇಡೀ ಮಸ್ಕತ್ತಿನಲ್ಲಿ ನನ್ನ ಮಾತಿಗೆ ಕಾಯುತ್ತಿದ್ದದ್ದು ಅದೊಂದೇ. (ಮನೆಯವರು ಇದನ್ನು ಓದಿ ಮುಖ ಊದಿಸಿಕೊಳ್ಳಬಾರದು. ನೀವು ಆಫೀಸಿನಲ್ಲಿ ಇರುತ್ತಿದ್ದಿರಿ.)

ಆಕೆ ಕೊಟ್ಟ ಹಳೆಯ ಮ್ಯಾಗಜಿನ್ನುಗಳಲ್ಲಿ ಪ್ರೋಗ್ರಾಮುಗಳನ್ನು ಅಚ್ಚು ಹಾಕಿರುತ್ತಿದ್ದರು. ಸಾಲು ಸಾಲಾಗಿ ಟೈಪ್ ಮಾಡಬೇಕು. ಒಂದು ಕಾಮಾ ಬಿಟ್ಟರೆ ಯಂತ್ರ ಮುಷ್ಕರ ಹೂಡುತ್ತಿತ್ತು. ಹಾಗೆ ಎಡವಿ ಎಡವಿ ಕಲಿತೆ. ಆಮೇಲೆ ನನ್ನದೇ ಬರೆದೆ.

ಆ ಯಂತ್ರದಲ್ಲಿ ಇನ್ನೊಂದು ಮಜಾ ಇತ್ತು. ಇಪ್ಪತ್ತೊಂದು ಅಕ್ಷರಗಳನ್ನು ನಾವೇ ಬರೆದುಕೊಳ್ಳಬಹುದು. ಒಂದೊಂದಕ್ಕೂ ಎಂಟು ಚುಕ್ಕಿ, ಎಂಟು ಸಾಲು. ಬ್ರಿಟಿಷರು ಅದನ್ನು ಕೊಟ್ಟದ್ದು ಮಕ್ಕಳು ಆಟಕ್ಕೆ ರಾಕೆಟ್ಟು, ಭೂತ ಬಿಡಿಸಿಕೊಳ್ಳಲಿ ಅಂತ ಇರಬೇಕು. ಎಂಟು ಚುಕ್ಕಿ ಎಂಟು ಸಾಲು ಅಂದರೆ ನಮ್ಮ ಹೆಣ್ಣುಮಕ್ಕಳಿಗೆ ಹೇಳಿಕೊಡಬೇಕೆ? ರಂಗೋಲಿ ಪುಸ್ತಕದ ಹಿಂಬದಿಯಲ್ಲಿ ಚುಕ್ಕಿ ಇಟ್ಟು ಕನ್ನಡ ಅಕ್ಷರ ಬಿಡಿಸಿದೆ. ಒತ್ತಕ್ಷರಕ್ಕೆ ಕೆಳಗಿನ ಸಾಲಿನಲ್ಲಿ ಇನ್ನೊಂದು ಚೌಕ. ಮಗ್ಗಿ ಕೇಳುವ ಒಂದು ಪ್ರೋಗ್ರಾಮ್ ಮಾಡಿದೆ. ಉತ್ತರ ಸರಿಯಾದರೆ ಪರದೆಯ ಮೇಲೆ 'ಸರಿ' ಎಂದು ಬರುತ್ತದೆ. ಇಲ್ಲದಿದ್ದರೆ 'ತಪ್ಪು'.

ಆದರೆ ಸ್ವಿಚ್ ಆಫ್ ಮಾಡಿದರೆ ಎಲ್ಲ ಮಾಯ. ಉಳಿಸಿಡುವುದು ಎಲ್ಲಿ? ಕ್ಯಾಸೆಟ್ಟಿನಲ್ಲಿ. ಟೂ-ಇನ್-ಒನ್‌ಗೆ ವೈರ್ ಹಾಕಿ ರೆಕಾರ್ಡ್ ಒತ್ತಿದರೆ ಪ್ರೋಗ್ರಾಮ್ ಕೀರಲು ಸದ್ದಾಗಿ ಟೇಪಿನೊಳಗೆ ಹೋಗಿ ಕೂರುತ್ತಿತ್ತು. ಮನೆಯಲ್ಲಿ ಇದ್ದದ್ದು ನಮ್ಮ ಮದುವೆಯ ಓಲಗದ ಕ್ಯಾಸೆಟ್. ಅದರ ಮೇಲೆಯೇ ರೆಕಾರ್ಡ್ ಮಾಡಿದೆ.

ಈಗ ಹೇಳಿ. ಕ್ಯಾಸೆಟ್ ಶೇಖರಣಾ ಸಾಧನ ಹೌದೋ ಅಲ್ಲವೋ?

ಮಗಳ ಶಾಲೆಯ ಡೈರಿಯಲ್ಲಿ ಇಷ್ಟನ್ನೂ ಚಿಕ್ಕದಾಗಿ ಬರೆದು ಮಿಸ್‌ಗೆ ಕಳಿಸಿದೆ. ಉತ್ತರ ಬಂತು. ಟೆಕ್ಸ್ಟ್‌ಬುಕ್ಕಿನಲ್ಲಿ ಇಲ್ಲ, ಓಪನ್ ಹೌಸ್‌ಗೆ ಬಂದು ಮಾತಾಡಿ ಅಂತ.

ಮಾತಾಡುವುದೇನು, ತೋರಿಸಿಯೇ ಬಿಡೋಣ ಅಂದುಕೊಂಡು ಅಟ್ಟದ ಸೂಟ್‌ಕೇಸಿನಿಂದ ಡಬ್ಬಿ ಇಳಿಸಿದೆ.

"ಅರ್ಧ ಮಾರ್ಕಿಗೆ ಟೀವಿ ಹೊತ್ಕೊಂಡ್ ಹೋಗೋಕೆ ಹೇಳ್ತಿದೀಯಲ್ಲೇ, ತಲೆ ನೆಟ್ಟಗಿದ್ಯಾ ನಿಂಗೆ?" ಎಂದರು ಮನೆಯವರು.

"ನೀವ್ ಹೊರಲ್ಲ ಅಂದ್ರೆ ಹೇಳಿ, ನಾನೇ ಹೊರ್ತೀನಿ."

ಹೊತ್ತರು. ದಾರಿಯುದ್ದಕ್ಕೂ ಕ್ಯಾಸೆಟ್ಟನ್ನು ನಾನು ಕಾರಿನ ಎಸಿ ಗಾಳಿಗೆ ಹಿಡಿದುಕೊಂಡೇ ಕೂತಿದ್ದೆ. ಡ್ಯಾಶ್‌ಬೋರ್ಡಿನ ಮೇಲೆ ಇಟ್ಟ ಕ್ಯಾಸೆಟ್ ಹಪ್ಪಳವಾಗುವ ಊರು ಇದು.

ಕಂಪ್ಯೂಟರ್ ಟೀಚರ್ ವಿನಯಾ ಮಿಸ್ ಉಡುಪಿ ಕಡೆಯವರು, ಇನ್ನೂ ಚಿಕ್ಕ ಹುಡುಗಿ. ನಾವು ಬೆಂಚಿನ ಮೇಲೆ ಇಟ್ಟ ಸಾಮಾನು ನೋಡಿ ಎದ್ದು ನಿಂತರು. "ಎಂತ ಮೇಡಂ ಇದೆಲ್ಲ? ಪದ್ಯ ಕೇಳುವ ಕ್ಯಾಸೆಟ್ಟಲ್ಲಿ ಕಂಪ್ಯೂಟರಿನದ್ದು ಹೇಗೆ ನಿಲ್ತದೆ?"

"ತೋರಿಸ್ತೀನಿ ಇರಿ."

ಟೇಪ್ ಬದುಕಿದೆಯೋ ಇಲ್ಲವೋ ನೋಡಲು ಮೊದಲು ವೈರ್ ಹಾಕದೆ ಪ್ಲೇ ಒತ್ತಿದೆ. ಆ ಕೀರಲು ಕೇಳಿ ಸಾಲಿನಲ್ಲಿ ನಿಂತಿದ್ದ ಪೇರೆಂಟ್ಸ್ ಕಿವಿ ಮುಚ್ಚಿಕೊಂಡರು. ಮಗಳು ನನ್ನ ದುಪಟ್ಟಾ ಎಳೆದು, "ಅಮ್ಮಾ, ಪ್ಲೀಸ್, ಲೆಟ್ಸ್ ಗೋ ಹೋಮ್" ಎಂದಳು. ಕಣ್ಣು ತುಂಬಿಕೊಂಡಿತ್ತು. ಆದರೆ ಈಗ ಮನೆಗೆ ಹೋದರೆ ಅದು ಕಥೆಯಾಗಿಯೇ ಉಳಿಯುತ್ತದಲ್ಲ.

ವೈರ್ ಹಾಕಿದೆ. ಟೀವಿ ಟ್ಯೂನ್ ಮಾಡಿದೆ. ಪರದೆಯ ಅಂಚಿನಲ್ಲಿ ಬಣ್ಣದ ಪಟ್ಟಿಗಳು ಓಡತೊಡಗಿದವು. ನಿಮಿಷಗಳು ಕಳೆದವು. ಹಿಂದಿನಿಂದ ಯಾರೋ ವಾಚ್ ನೋಡಿಕೊಂಡು ನಿಟ್ಟುಸಿರು ಬಿಟ್ಟರು. ಕೊನೆಗೆ ಬಂತು ಫಲಿತಾಂಶ: ಟೇಪ್ ಲೋಡಿಂಗ್ ಎರರ್.

ಯಾರೋ ನಕ್ಕರು. ನನ್ನ ಮುಖ ಬಿಸಿಯಾಯಿತು.

ವಾಲ್ಯೂಮ್, ಮಹಾರಾಯರೆ, ವಾಲ್ಯೂಮ್. ಈ ಯಂತ್ರಕ್ಕೆ ಸದ್ದು ಜಾಸ್ತಿಯಾದರೂ ಆಗದು, ಕಡಿಮೆಯಾದರೂ ಆಗದು. ಒಂದು ಕೂದಲೆಳೆ ಏರಿಸಿದೆ. ಟೇಪ್ ಹಿಂದಕ್ಕೆ ಓಡಿಸಿ ಮತ್ತೆ ಹಾಕಿದೆ. ಸಾಲಿನ ಕಡೆ ತಿರುಗಿ, "ಯಾರಿಗಾದರೂ ಅವಸರ ಇದ್ದರೆ ಇಂಗ್ಲಿಷ್ ಟೀಚರ್ ಹತ್ತಿರ ಮೊದಲು ಹೋಗಿಬನ್ನಿ" ಎಂದೂ ಹೇಳಿದೆ. ಯಾರೂ ಕದಲಲಿಲ್ಲ. ತಮಾಷೆ ಬಿಟ್ಟು ಹೋಗುವವರು ಯಾರು?

ಈ ಸಲ ಬಂತು. ಕಪ್ಪು ಪರದೆ, ಮೇಲುಗಡೆ ದಪ್ಪ ಚೌಕಗಳಲ್ಲಿ 'ಮಗ್ಗಿ'. ಕೆಳಗೆ ಹದಿನಾಲ್ಕೇಳಲಿ ಎಷ್ಟು ಎಂಬ ಲೆಕ್ಕ.

"ಅಯ್ಯೋ, ಕನ್ನಡ ಉಂಟಲ್ಲ" ಎಂದರು ವಿನಯಾ ಮಿಸ್.

ಸದ್ದು ಕೇಳಿ ಸೂಪರ್‌ವೈಸರ್ ಸರ್ ಬಂದಿದ್ದರು. ಕನ್ನಡದವರಲ್ಲ. ಏನಿದು ಎಂದು ವಿಚಾರಿಸಿ, ತಾವೇ ಕುರ್ಚಿ ಎಳೆದುಕೊಂಡು ಉತ್ತರ ಒತ್ತಿದರು. ತೊಂಬತ್ತಾರು. ಪರದೆಯ ಮೇಲೆ ಏನೋ ಮೂಡಿತು.

"ವಾಟ್ ಡಸ್ ಇಟ್ ಸೇ?"

ವಿನಯಾ ಮಿಸ್ ತಲೆಯೆತ್ತಿ ಫ್ಯಾನ್ ನೋಡಿದರು. ಹಿಂದಿನಿಂದ ಸಣ್ಣ ಧ್ವನಿ ಬಂತು, "ತಪ್ಪು. ಇಟ್ ಸೇಸ್ ತಪ್ಪು, ಸರ್. ಇಟ್ ಮೀನ್ಸ್ ರಾಂಗ್."

ನನ್ನ ಮಗಳು. ಶುಕ್ರವಾರ ರಜೆಯ ಬೆಳಿಗ್ಗೆ ಕನ್ನಡ ಓದಲು ಕೂರಿಸಿದರೆ ತಲೆನೋವು, ಹೊಟ್ಟೆನೋವು ಎನ್ನುವವಳು, ಅಷ್ಟು ಜನರ ಮುಂದೆ ಓದಿದಳು. ಓದಿ ಬಂದು ನನ್ನ ಪಕ್ಕದಲ್ಲಿ ನಿಂತಳು. ನನಗೆ ಆದ ಸಂತೋಷವನ್ನು ಮುಚ್ಚಿಡುವುದಿಲ್ಲ. ಅಲ್ಲೇ ಕುಣಿಯಬೇಕು ಅನ್ನಿಸಿತು.

ಕೀಲಿಗಳು ಹಳೆಯವಾಗಿವೆ ಎಂದು ಸರ್ ಎದ್ದರು. ಬಹಳ ಚೆನ್ನಾಗಿದೆ, ಸೈನ್ಸ್ ಎಕ್ಸಿಬಿಷನ್‌ಗೆ ತನ್ನಿ ಎಂದರು. ಮಾರ್ಕು? ಅದು ಮಾತ್ರ ಆಗುವುದಿಲ್ಲವಂತೆ. ಆನ್ಸರ್ ಕೀಯಲ್ಲಿ ಇಲ್ಲ. ಒಬ್ಬರಿಗೆ ಕೊಟ್ಟರೆ ಹಾಗೆ ಬರೆದ ಎಲ್ಲರಿಗೂ ಕೊಡಬೇಕಾಗುತ್ತದೆ.

"ಹಾಗೆ ಬರೆದವರು ಎಷ್ಟು ಜನ ಸರ್?"

ವಿನಯಾ ಮಿಸ್ ತಗ್ಗಿದ ದನಿಯಲ್ಲಿ ಹೇಳಿದರು, "ಇವಳೊಬ್ಬಳೇ."

ಮಾತು ಮುಗಿಯಿತು. ಸಾಮಾನು ಕಟ್ಟುವಾಗ ಸೆಲ್ಲಿನ ಮೇಲೆ ಟೇಪ್ ಇನ್ನೂ ಓಡುತ್ತಲೇ ಇದ್ದದ್ದು ಗಮನಕ್ಕೆ ಬರಲಿಲ್ಲ. ಕಂಪ್ಯೂಟರಿನ ವೈರ್ ಕಿತ್ತದ್ದೇ ತಡ, ಪ್ರೋಗ್ರಾಮಿನ ಆಚೆ ಅಳಿಯದೆ ಉಳಿದಿದ್ದ ನಮ್ಮ ಮದುವೆಯ ಓಲಗ ಭರ್ತಿಯಾಗಿ ಮೊಳಗಿತು. ಮನೆಯವರು ಟೀವಿ ಎತ್ತಿಕೊಂಡರು. ಈ ಸಲ ಮಗಳು ದೂರ ನಿಲ್ಲಲಿಲ್ಲ, ಟೂ-ಇನ್-ಒನ್ ಅವಳೇ ಹಿಡಿದಳು. ಆಫ್ ಮಾಡಲಿಲ್ಲ.

ಮನೆಗೆ ಬಂದು ಅವಳ ಟೆಕ್ಸ್ಟ್‌ಬುಕ್ ತೆಗೆದು ನೋಡಿದೆ. ಕಂಪ್ಯೂಟರಿನ ಇತಿಹಾಸ ಎಂಬ ಪಾಠ. ಮೊದಲು ಕೋಣೆ ತುಂಬುವ ಯಂತ್ರಗಳು. ಪುಟ ತಿರುಗಿಸಿದರೆ ನೇರವಾಗಿ ಆಫೀಸಿನ ಮೇಜಿನ ಮೇಲಿನ ಪಿಸಿ. ನಡುವೆ ಅದು ಜನರ ಮನೆಯ ಹಾಲಿಗೆ, ಟೀವಿಯ ಮುಂದೆ ಬಂದು ಕೂತ ಕಾಲವೊಂದಿತ್ತಲ್ಲ, ಅದು ಎಲ್ಲಿ? ಬ್ರಿಟನ್ ಎಂಬ ಒಂದು ದೇಶ ಟೀವಿಯಲ್ಲಿ ಪಾಠ ಮಾಡಿ, ಶಾಲೆ ಶಾಲೆಗೆ ಮೈಕ್ರೊ ಹಂಚಿ, ನೀವೇ ಪ್ರೋಗ್ರಾಮ್ ಬರೆಯಿರಿ ಎಂದು ಮಕ್ಕಳ ಕೈಗೆ ಕೊಟ್ಟಿತ್ತಲ್ಲ, ಅದು ಎಲ್ಲಿ? ಆ ಯಂತ್ರಗಳನ್ನು ಮಾಡಿದ ಕಂಪನಿಗಳು ಮಾರುಕಟ್ಟೆಯಲ್ಲಿ ಸೋತವು, ಪಾಠದಿಂದಲೂ ಹೊರಬಿದ್ದವು. ಸೋತವರು ಇರಲೇ ಇಲ್ಲ ಎಂದು ಮಕ್ಕಳಿಗೆ ಹೇಳಿಕೊಡಬಹುದೆ?

ನಾನು ಒಪ್ಪುವುದಿಲ್ಲ. ಯಾಕೆಂದರೆ ಆ ನಡುವಿನ ಕಾಲದಲ್ಲೇ ನಾನಿದ್ದೇನೆ. ಮಿಂಚುವ ಲ್ಯಾಬಿನಲ್ಲಿ ಇವತ್ತು ನನ್ನ ಮಗಳು ಮೌಸ್ ಎಂದರೇನು ಎಂಬುದರ ವ್ಯಾಖ್ಯೆಯನ್ನು ಬಾಯಿಪಾಠ ಮಾಡುತ್ತಿದ್ದಾಳೆ. ಕುಂಕುಮ ಹಚ್ಚುವುದೊಂದು ನಿಂತಿದೆ, ಅಷ್ಟೆ.

ಪೇಪರಿಗೆ ನಾನು ಸಹಿ ಹಾಕಲಿಲ್ಲ. ಡೈರಿಯಲ್ಲಿ ನೋಟ್ ಬಂತು. ಮತ್ತೊಂದು ಬಂತು. ಹಾಕಲಿಲ್ಲ.

ಈ ವಾರ ಎರಡನೇ ಯೂನಿಟ್ ಟೆಸ್ಟಿನ ಪೇಪರ್ ಬಂತು. ಪ್ರಶ್ನೆ: ಎರಡು ಔಟ್‌ಪುಟ್ ಸಾಧನಗಳನ್ನು ಹೆಸರಿಸಿ. ಅನುಷಾ ಬರೆದಿದ್ದಳು. ಒಂದು, ಪ್ರಿಂಟರ್. ಎರಡು, ಮನೆಯ ಟೀವಿ. ಮಾನಿಟರ್ ಎಂದು ಬರೆದರೆ ಅರ್ಧ ಮಾರ್ಕು ಬರುತ್ತದೆ ಎಂಬುದು ಅವಳಿಗೆ ಚೆನ್ನಾಗಿ ಗೊತ್ತು. ಟೀವಿಯ ಪಕ್ಕದಲ್ಲಿ ಕೆಂಪು ಇಂಟು. ಈ ಸಲ ಸ್ವಲ್ಪ ಸಣ್ಣದು.

ಪೇಪರನ್ನು ನನ್ನ ಮುಂದೆ ಇಟ್ಟಳು. ಪೆನ್ನು ಕೊಡಲಿಲ್ಲ. "ಅಮ್ಮಾ, ಇದಕ್ಕೂ ಸೈನ್ ಮಾಡ್ಬೇಡ" ಎಂದಳು, ಕನ್ನಡದಲ್ಲಿ.

ಅರ್ಧ, ಅರ್ಧ ಸೇರಿ ಈಗ ಪೂರ್ತಿ ಒಂದು ಮಾರ್ಕು ಬಾಕಿ ಇದೆ ಸರ್, ಯಾವಾಗ ಕೊಡುತ್ತೀರಿ?