ಫ್ಯಾನ್ ಆಫ್ ಮಾಡಿ ಕೇಳುವ ಸಂಗೀತ

ಸಂಗೀತ ನನಗೆ ಅಷ್ಟೇನೂ ಗೊತ್ತಿಲ್ಲ. ಆದರೆ ಅದನ್ನು ಹೇಗೆ ಕೇಳಬೇಕೆಂಬ ವಿಷಯದಲ್ಲಿ ನಾನು ಮಹಾ ಮಡಿವಂತ. ತೊಂಬತ್ತರ ದಶಕದಲ್ಲಿ ಬ್ಯಾಂಕಿನವರು ನನ್ನನ್ನು ವಿಶಾಖಪಟ್ಟಣಕ್ಕೆ ವರ್ಗ ಮಾಡಿದಾಗ ಈ ಮಡಿ ಮಿತಿಮೀರಿತು. ಕಾರಣ, ಹೊಸ ಸಿ.ಡಿ. ಪ್ಲೇಯರ್. ಕ್ಯಾಸೆಟ್ಟಿನಲ್ಲಿ ಸವೆದುಹೋಗುವ ಸ್ವರವೆಲ್ಲ ಇದರಲ್ಲಿ ಒಂದೆಳೆಯೂ ಬಿಡದೆ ಉಳಿಯುತ್ತದಂತೆ. ಅದಕ್ಕೆ ತಕ್ಕಂತೆ ಅಮೆರಿಕದ ಒಬ್ಬ ಮುದಿ ಬ್ಲೂಸ್-ರಾಕ್ ಗಿಟಾರಿಸ್ಟ್ ಜನರ ಮುಂದೆ ನುಡಿಸಿದ ಕಚೇರಿಯ ಸಿ.ಡಿ.ಯೂ ಸಿಕ್ಕಿತು. ತಂತಿಯ ಮೇಲೆ ಅವನ ಬೆರಳು ಜಾರುವ ಸದ್ದು, ನಡುವೆ ಸಭಿಕನೊಬ್ಬ ಕೆಮ್ಮಿದ್ದು, ಎಲ್ಲ ಸ್ಪಷ್ಟ. ಆ ಕೆಮ್ಮು ಕೇಳಿಸಿದ ದಿನ ನಾನು ಧನ್ಯನಾದೆ.

ಆದರೆ ಕೆಮ್ಮು ಕೇಳಿಸಬೇಕಾದರೆ ನಮ್ಮ ಸೀಲಿಂಗ್ ಫ್ಯಾನಿನ ಕಟಕಟ ನಿಲ್ಲಬೇಕು. ಕಿಟಕಿಯನ್ನೂ ಮುಚ್ಚಬೇಕು, ಇಲ್ಲವಾದರೆ ಮೀನು ಮಾರುವಾಕೆಯ ಕೂಗು ಗಿಟಾರಿಗಿಂತ ಮೇಲಿನ ಶ್ರುತಿಯಲ್ಲಿ ಬರುತ್ತದೆ. ಸಮುದ್ರದೂರಿನ ಮೇ ತಿಂಗಳಲ್ಲಿ ಅಂಥ ಕೋಣೆ ಹೇಗಿರುತ್ತದೆಂದು ಬೇಕಾದರೆ ಇಡ್ಲಿಯನ್ನು ಕೇಳಿ. ನನ್ನ ಹೆಂಡತಿ ಒಂದೇ ಹಾಡಿಗೆ ಎದ್ದುಹೋದಳು.

ಅದೇ ಮೇ ತಿಂಗಳಲ್ಲಿ ವಿಜಯವಾಡದಿಂದ ಮಾವ ಬಂದರು. ಎರಡು ತಲೆಮಾರಿನಿಂದ ಅಲ್ಲಿ ನೆಲೆಸಿದ ಕನ್ನಡದವರು. ಮಾತಿಗೆ ‘ಅಂಡಿ’, ‘ಗಾರು’ ಎಂಬ ತೆಲುಗಿನ ಮರ್ಯಾದೆ ಅಂಟಿಕೊಂಡಿತ್ತು. ಮದುವೆಯಾಗಿ ಇಷ್ಟು ವರ್ಷವಾದರೂ ನನ್ನದು ಯಾವುದನ್ನೂ, ಕೆಲಸವನ್ನಾಗಲಿ ಮೀಸೆಯನ್ನಾಗಲಿ, ಅವರು ಮೆಚ್ಚಿದವರಲ್ಲ. ಅವರ ಬಾಯಿಂದ ಒಂದು ಒಳ್ಳೆಯ ಮಾತು ಕೇಳುವ ಆಸೆ ನನಗಿನ್ನೂ ಬತ್ತಿರಲಿಲ್ಲ. ಅವರನ್ನು ಕೂರಿಸಿ, ಕಿಟಕಿ ಮುಚ್ಚಿ, ಫ್ಯಾನ್ ಆಫ್ ಮಾಡಿ, ಸಿ.ಡಿ. ಹಾಕಿದೆ.

ಮಾವ ದೊಡ್ಡ ಮನುಷ್ಯರು. ಮೂಗಿನ ತುದಿಯಿಂದ ಬೆವರು ತೊಟ್ಟಿಕ್ಕಿದರೂ ಕದಲಲಿಲ್ಲ. ಅಂತೂ ಕೊನೆಯ ಚಪ್ಪಾಳೆ ಕೇಳಿಸಿತು. ಮುಗಿಯಿತೆಂದು ಅವರು ಎದ್ದು ಸಂತೋಷದಿಂದ ಫ್ಯಾನಿನ ಸ್ವಿಚ್ಚಿನತ್ತ ನಡೆದರು. ಅಷ್ಟರಲ್ಲಿ ಸಭಿಕರೆಲ್ಲ ಇನ್ನೊಂದು ಬೇಕೆಂದು ಕೂಗತೊಡಗಿದರು. ಮುದುಕ ಮತ್ತೆ ಶುರುಮಾಡಿದ.

“ಇವರಿಗೆ ಮನೆಮಠ ಇಲ್ಲವೇನಂಡಿ?” ಎಂದರು ಮಾವ. ಆಮೇಲೆ ಸ್ವಲ್ಪ ಯೋಚಿಸಿ, “ಅಳಿಯಗಾರೂ, ಅವರ ಹಾಲ್‌ನಲ್ಲಿ ಫ್ಯಾನ್ ತಿರುಗ್ತಾ ಇರಬೇಕು. ಅದಕ್ಕೇ ಇನ್ನೊಂದು ಕೇಳ್ತಿದ್ದಾರೆ.”

ನಾನೇ ಹೋಗಿ ಸ್ವಿಚ್ ಒತ್ತಿದೆ. ಕಟಕಟ ಶುರುವಾಯಿತು, ಬೆರಳಿನ ಸದ್ದು ಮುಳುಗಿತು. ಮಾವ ಅಂಗಿಯ ಗುಂಡಿ ಬಿಚ್ಚಿ, ಒರಗಿ, ಕಣ್ಣು ಮುಚ್ಚಿದರು. ತುಸು ಹೊತ್ತಿಗೆ ಅವರ ಪಾದ ತಾಳ ಹಾಕತೊಡಗಿತು, ಡ್ರಮ್ಮಿಗೋ ಫ್ಯಾನಿಗೋ ಹೇಳಲಾರೆ.

“ಮುದುಕ ಗಟ್ಟಿ ಇದ್ದಾನಂಡಿ,” ಎಂದರು ಹಾಡು ಮುಗಿದ ಮೇಲೆ. “ಇನ್ನೊಂದು ಸಲ ಹಾಕಿ.”

ಹೊಗಳಿಕೆ ಸಂದದ್ದು ಮುದುಕನಿಗೆ. ಅರ್ಧ ನನ್ನದೆಂದು ನಾನೇ ಇಟ್ಟುಕೊಂಡೆ. ಸ್ವರ ಒಂದೆಳೆಯೂ ಕಳೆದುಹೋಗದಂತೆ ಯಂತ್ರ ನೋಡಿಕೊಳ್ಳುತ್ತದೆ, ಕೇಳುವವರು ಎದ್ದುಹೋಗದಂತೆ ನೋಡಿಕೊಳ್ಳುವುದು ಮಾತ್ರ ನಮ್ಮ ಪಾಲಿನ ಕೆಲಸ. ಫ್ಯಾನನ್ನು ಐದಕ್ಕೇರಿಸಿ, ಮೊದಲಿನಿಂದ ಹಾಕಿದೆ.